ಜಿನೀವಾದ ನಿರ್ಣಯಕ್ಕೆ ಸುಳ್ಯದ ಪ್ರತಿಕ್ರಿಯೆ

ಶ್ರೀಲಂಕಾದ ಅಂತರ್ಯುದ್ಧ ಮುಗಿದ ಮೇಲೆ, ಅದರ ಬಗ್ಗೆ ಜಿನೀವಾದ ವಿಶ್ವಸಂಸ್ಥೆಯ ಮಾನವ ಹಕ್ಕು ಮಂಡಳಿಯಲ್ಲಿ ಮತದಾನ ನಡೆದಾಗಲೆಲ್ಲ ಪುತ್ತೂರಿನ ನನ್ನ ಕಚೇರಿಗೆ ಮಂಗಳೂರಿನಿಂದ, ನಮ್ಮ ಪತ್ರಿಕೆಯ ಡೆಸ್ಕಿನಿಂದ, ಫೋನ್ ಬರುತ್ತಿತ್ತು. ಡೆಸ್ಕಿನಲ್ಲಿ ಕೂತವರು ಬದಲಾಗುತ್ತಿದ್ದರು, ಮಾತು ಬದಲಾಗುತ್ತಿರಲಿಲ್ಲ.

“ನಿಮ್ಮ ಸುಳ್ಯದಲ್ಲಿ ಸಿಲೋನಿನವರು ಇದ್ದಾರಲ್ಲ ಮಾರಾಯ್ರೆ, ಅವರದ್ದೊಂದು ಪ್ರತಿಕ್ರಿಯೆ ತೆಗೀರಿ. ಎರಡು ಕಾಲಂ ಸಾಕು. ಫೋಟೋ ಇದ್ರೆ ಒಳ್ಳೇದು. ಸ್ವಲ್ಪ ಬೇಸರದಲ್ಲಿ ಕೂತದ್ದು.”

ಸಿಲೋನಿನವರು ಎಂದರೆ ಸುಳ್ಯ, ಪುತ್ತೂರು, ಕಡಬ ತಾಲೂಕುಗಳ ಸರಕಾರಿ ರಬ್ಬರ್ ತೋಟಗಳಲ್ಲಿ ಕೆಲಸ ಮಾಡುವ ತಮಿಳರು. ಬ್ರಿಟಿಷರ ಕಾಲದಲ್ಲಿ ಅವರ ಹಿರಿಯರನ್ನು ಸಿಲೋನಿನ ಚಹಾ ತೋಟಗಳಿಗೆ ಒಯ್ಯಲಾಗಿತ್ತು. ಎರಡೂ ದೇಶಗಳು ಸ್ವತಂತ್ರವಾದ ಬಳಿಕ ಎರಡು ಸರಕಾರಗಳು ಕೂತು ಒಪ್ಪಂದ ಮಾಡಿಕೊಂಡು ಆ ಜನರನ್ನು ಹಂಚಿಕೊಂಡವು. ಇಷ್ಟು ಮಂದಿ ನಿಮಗೆ, ಇಷ್ಟು ಮಂದಿ ನಮಗೆ. ಹೀಗೆ ಭಾರತದ ಪಾಲಿಗೆ ಬಂದವರಲ್ಲಿ ಕೆಲವು ಕುಟುಂಬಗಳನ್ನು ನಮ್ಮ ಕಡೆ ತಂದು, ರಬ್ಬರ್ ನೆಡಲು ಕೆಲಸ ಕೊಟ್ಟು, ಸಾಲುಮನೆಗಳಲ್ಲಿ ಇಳಿಸಿದರು. ಈಗ ಅವರ ಮೊಮ್ಮಕ್ಕಳು ತುಳುವಿನಲ್ಲಿ ಜಗಳ ಮಾಡುತ್ತಾರೆ.

ಇಷ್ಟನ್ನು ನಾನು ಪ್ರತಿಸಲವೂ ವರದಿಯ ಮೊದಲ ಪ್ಯಾರಾದಲ್ಲಿ ಬರೆದು ಕಳುಹಿಸುತ್ತಿದ್ದೆ. ಪ್ರತಿಸಲವೂ ಡೆಸ್ಕಿನವರು ಅದನ್ನು ಕತ್ತರಿಸಿ ‘ನಿರಾಶ್ರಿತರು’ ಎಂಬ ಒಂದೇ ಪದದಲ್ಲಿ ಮುಗಿಸುತ್ತಿದ್ದರು. ಮೊದಲ ಸಲದ ತಲೆಬರಹ ನನಗೆ ಇನ್ನೂ ಬಾಯಿಪಾಠ: ‘ಜಿನೀವಾ ನಿರ್ಣಯಕ್ಕೆ ಸುಳ್ಯದ ನಿರಾಶ್ರಿತರ ಸ್ವಾಗತ’. ನಾನು ಕಳುಹಿಸಿದ್ದರಲ್ಲಿ ನಿರಾಶ್ರಿತ ಎಂಬ ಪದವೂ ಇರಲಿಲ್ಲ, ಸ್ವಾಗತ ಎಂಬ ಪದವೂ ಇರಲಿಲ್ಲ. ಮರುದಿನ ಬೇರೆ ಕೆಲಸದ ಮೇಲೆ ಅವರ ಕಾಲೊನಿಗೆ ಹೋದಾಗ ಅಂಗಡಿಯ ಬೆಂಚಿನಲ್ಲಿ ಪೇಪರ್ ಹಿಡಿದು ಕೂತಿದ್ದ ಹಿರಿಯರೊಬ್ಬರು ಜಾಗ ಬಿಟ್ಟುಕೊಟ್ಟರು.

“ಬನ್ನಿ ಸಾರ್, ಕೂತ್ಕೊಳ್ಳಿ. ನಿರಾಶ್ರಿತರ ಕೈಯ ಚಾ ಆಗ್ತದಾ ನಿಮಗೆ?”

“ಅದು ನಾನು ಬರೆದದ್ದಲ್ಲ.”

“ನಿಮ್ಮ ಪೇಪರ್ ಅಲ್ವಾ? ನಾವು ಓಡಿ ಬಂದವರಲ್ಲ ಸಾರ್. ಪಾಸ್‌ಪೋರ್ಟಲ್ಲಿ ಬಂದವರು. ನಾವು ಬರುವಾಗ ಈ ಊರಿನ ಗುತ್ತಿನ ಮನೆಯ ಜಮೀನ್ದಾರರ ಹತ್ರವೂ ಪಾಸ್‌ಪೋರ್ಟ್ ಇರಲಿಲ್ಲ.”

ಬೆಂಚಿನಲ್ಲಿದ್ದವರು ನಕ್ಕರು. ನನಗೂ ನಗು ಬಂತು. ತಿದ್ದುಪಡಿ ಹಾಕಿಸಲು ಮೂರು ಬಾರಿ ಫೋನ್ ಮಾಡಬೇಕಾಯಿತು. ಕೊನೆಗೆ ಒಳಪುಟದ ಕೆಳಗೆ, ಅಡಿಕೆ ಧಾರಣೆಯ ಪಕ್ಕದಲ್ಲಿ, ಯಾರಿಗೂ ಕಾಣದ ಹಾಗೆ ಬಂತು.

ಪ್ರತಿಕ್ರಿಯೆಗಾಗಿ ನಾನು ಹೋಗಿ ಕೂರುತ್ತಿದ್ದ ಮನೆ ಮಂಡೆಕೋಲಿನ ಕಡೆಗೆ ಹೋಗುವ ದಾರಿಯ ಒಂದು ಕಾಲೊನಿಯಲ್ಲಿತ್ತು. ಮನೆಯ ಯಜಮಾನಿ ರಬ್ಬರ್ ಮರ ಗೀರಿ ಹಾಲು ಇಳಿಸುವ ಟ್ಯಾಪಿಂಗ್ ಕೆಲಸ ಮಾಡಿ ನಿವೃತ್ತರಾದವರು. ಕಾಲೊನಿಯಲ್ಲಿ ಎಲ್ಲರಿಗೂ ಅವರು ಅಕ್ಕ, ನನಗೂ ಅಕ್ಕ. ಅವರ ಒಬ್ಬನೇ ಮಗ ನೆಟ್ಟಣ ರೈಲು ನಿಲ್ದಾಣದಿಂದ ಸುಬ್ರಹ್ಮಣ್ಯಕ್ಕೆ ಹೋಗುವ ಯಾತ್ರಿಕರಿಗೆ ಜೀಪು ಓಡಿಸುತ್ತಿದ್ದ. ಅಕ್ಕನ ಮನೆಯಲ್ಲಿ ಚಹಾಕ್ಕೆ ಹಾಲೂ ಇಲ್ಲ, ಸಕ್ಕರೆಯೂ ಇಲ್ಲ. ಅಂಗೈಗೆ ಒಂದು ತುಂಡು ಬೆಲ್ಲ ಇಟ್ಟು ಕೈಗೆ ಲೋಟ ಕೊಡುತ್ತಿದ್ದರು. ಬೆಲ್ಲ ಕಚ್ಚುವುದು, ಚಹಾ ಕುಡಿಯುವುದು. ಅದೊಂದು ಅವರು ಸಿಲೋನಿನಿಂದ ತಂದು ಉಳಿಸಿಕೊಂಡಿದ್ದ ಅಭ್ಯಾಸ.

ಅಕ್ಕನ ವಿಷಯ ನನಗೆ ಗೊತ್ತಾದದ್ದು ಯುದ್ಧದ ಕೊನೆಯ ತಿಂಗಳುಗಳಲ್ಲಿ. ಒಪ್ಪಂದದಲ್ಲಿ ಅಪ್ಪ, ಅಮ್ಮ, ಅಕ್ಕ ಭಾರತದ ಪಾಲಿಗೆ ಬಂದಿದ್ದರು. ತಮ್ಮನನ್ನು ಮಕ್ಕಳಿಲ್ಲದ ದೊಡ್ಡಪ್ಪ ಸಾಕುತ್ತಿದ್ದುದರಿಂದ ಅವನ ಹೆಸರು ದೊಡ್ಡಪ್ಪನ ಅರ್ಜಿಯಲ್ಲಿ ಸೇರಿ ಅವನು ಸಿಲೋನಿನ ಪಾಲಿಗೆ ಉಳಿದ. ಆಮೇಲೆ ತೋಟಗಳಲ್ಲಿ ತಮಿಳರ ಮೇಲೆ ಗಲಭೆಯಾಯಿತು. ಅವನು ಬೆಟ್ಟ ಬಿಟ್ಟು ಉತ್ತರದ ವನ್ನಿಗೆ ಹೋಗಿ, ಪೊದೆ ಕಡಿದು ಜಾಗ ಮಾಡಿ, ಕಡಲೆ ಬೆಳೆದು, ಮದುವೆಯಾಗಿ ಮನೆ ಕಟ್ಟಿದ. ಯುದ್ಧ ಕೊನೆಗೆ ಬಂದು ಮುಗಿದದ್ದು ಸರಿಯಾಗಿ ಆ ಪ್ರದೇಶದಲ್ಲಿ.

ಆಗ ನಾನು ಏಜೆನ್ಸಿ ಸುದ್ದಿಗಳ ಅನುವಾದಕ್ಕೂ ಕೈ ಹಾಕುತ್ತಿದ್ದೆ, ಆ ವರ್ಷ ಡೆಸ್ಕಿನಲ್ಲಿ ಜನ ಕಡಿಮೆ ಇದ್ದರು, ಆಮೇಲೂ ಆ ಕೆಲಸ ನನ್ನಲ್ಲೇ ಉಳಿಯಿತು. ಸುದ್ದಿಯಲ್ಲಿ ಪ್ರತಿದಿನ ಯಾವುದಾದರೊಂದು ದೇಶ ತೀವ್ರ ಕಳವಳ ವ್ಯಕ್ತಪಡಿಸುತ್ತಿತ್ತು. ಎರಡೂ ಕಡೆಯವರು ಸಂಯಮ ಪಾಲಿಸಬೇಕೆಂದು ಇನ್ನೊಂದು ದೇಶ ಕರೆ ಕೊಡುತ್ತಿತ್ತು. ನಾಗರಿಕರಿಗಾಗಿ ಸುರಕ್ಷಿತ ವಲಯ ಘೋಷಿಸಲಾಗಿದೆ ಎಂಬ ಸುದ್ದಿಯೂ ಬಂತು. ಅಕ್ಕನ ತಮ್ಮ ಯಾರದೋ ಫೋನಿನಿಂದ ಅಕ್ಕನ ಮಗನ ಮೊಬೈಲಿಗೆ ಕರೆ ಮಾಡಿದಾಗ ಹೇಳುತ್ತಿದ್ದ ಸುದ್ದಿ ಬೇರೆ ಇತ್ತು. ನೆರವು ಸಂಸ್ಥೆಗಳ ಬಿಳಿ ಗಾಡಿಗಳು ಸಾಲಾಗಿ ಊರು ಬಿಟ್ಟು ಹೋದವು, ಹೋಗಬೇಡಿ ಎಂದು ಜನ ಗೇಟಿಗೆ ಅಡ್ಡ ಕೂತರೂ ಹೋದವು ಎಂದು ಒಮ್ಮೆ ಹೇಳಿದ. ಸುರಕ್ಷಿತ ವಲಯಕ್ಕೆ ಹೊರಟಿದ್ದೇವೆ ಎಂದು ಕೊನೆಯ ಸಲ ಹೇಳಿದ. ಆ ವಲಯದಲ್ಲಿಯೂ ಶೆಲ್ ಬಿತ್ತು. ಹೆಂಡತಿ ಮಕ್ಕಳನ್ನು ಗುಂಪಿನೊಂದಿಗೆ ಮುಂದೆ ಕಳುಹಿಸಿ, ಅಕ್ಕಿ ಕಟ್ಟಿದ್ದ ಸೈಕಲ್ ತರುತ್ತೇನೆಂದು ಅವನು ಹಿಂದಕ್ಕೆ ಹೋದ. ಹೆಂಡತಿ ಮಕ್ಕಳು ಮುಳ್ಳುತಂತಿಯ ಶಿಬಿರ ಸೇರಿ ಬದುಕಿದರು. ಅವನು ಬರಲಿಲ್ಲ. ಸತ್ತದ್ದನ್ನು ಕಂಡವರಿಲ್ಲ, ಶರಣಾದದ್ದನ್ನೂ ಕಂಡವರಿಲ್ಲ.

ಇದಾಗಿ ಕೆಲವು ವರ್ಷಗಳ ಮೇಲೆ ಅವನ ಹೆಂಡತಿಗೆ ಹಳೆಯ ಜಾಗಕ್ಕೆ ಮರಳಲು ಅನುಮತಿ ಸಿಕ್ಕಿತು. ಗೋಡೆ ಬಿದ್ದಿತ್ತು. ಮನೆ ಕಟ್ಟಲು ನೆರವು ಬರುವುದಿತ್ತು, ಅದಕ್ಕೆ ಜಾಗ ಆಕೆಯ ಹೆಸರಿಗೆ ಆಗಬೇಕಿತ್ತು, ಅದಾಗಲು ಗಂಡನ ಮರಣ ಪ್ರಮಾಣಪತ್ರ ಬೇಕಿತ್ತು. ಆಕೆ ಅಕ್ಕನಿಗೆ ಫೋನ್ ಮಾಡಿ, ಅವರ ಕಡೆಯ ಹಿರಿಯರೆಂದು ಉಳಿದದ್ದು ನೀವೊಬ್ಬರೇ, ನೀವು ಒಪ್ಪಿದರೆ ಮಾತ್ರ ತೆಗೆದುಕೊಳ್ಳುತ್ತೇನೆ ಎಂದಳು. ಅಕ್ಕ ಒಪ್ಪಲಿಲ್ಲ.

ಒಪ್ಪದಿರಲು ಅಕ್ಕ ಕೊಟ್ಟ ಕಾರಣ ಜಿನೀವಾ.

“ತನಿಖೆ ಆಗ್ಬೇಕು ಅಂತ ಅಷ್ಟು ದೇಶದವರು ಹೇಳಿದ್ದಾರಲ್ಲ ಸಾರ್. ನಿಮ್ಮ ಪೇಪರಲ್ಲೇ ಬಂದದ್ದು. ತನಿಖೆ ಮುಗೀಲಿ. ಅದಕ್ಕಿಂತ ಮೊದಲು ಇವಳು ಸತ್ತ ಅಂತ ಬರೆಸಿದ್ರೆ ಅವರು ಹುಡುಕುದು ಯಾರನ್ನು?”

ಇದರಲ್ಲಿ ತಪ್ಪು ಹುಡುಕುವುದು ಕಷ್ಟ. ಆದರೆ ನನಗೆ ನಿರ್ಣಯಗಳ ಪಠ್ಯ ಗೊತ್ತಿತ್ತು. ಅವುಗಳಲ್ಲಿ ಕ್ರಿಯಾಪದಗಳಿಗೆ ಬರವಿಲ್ಲ: ಗಮನಿಸುತ್ತದೆ, ನೆನಪಿಸುತ್ತದೆ, ಪ್ರೋತ್ಸಾಹಿಸುತ್ತದೆ, ಒತ್ತಾಯಿಸುತ್ತದೆ. ‘ಮಾಡುತ್ತದೆ’ ಎಂಬ ಕ್ರಿಯಾಪದವನ್ನು ನಾನು ಹುಡುಕಿ ಸೋತೆ. ಯಾವ ಸರಕಾರದ ಮೇಲೆ ಆರೋಪವೋ ಅದೇ ಸರಕಾರ ತನಿಖೆ ಮಾಡಬೇಕು, ಮಾಡದಿದ್ದರೆ ಇನ್ನಷ್ಟು ಸಮಯ ಕೊಡಬೇಕು. ಆ ಸಮಯ ಮುಗಿದಾಗ ಸಭೆ ಸೇರಿ ಸಮಯ ಮುಗಿದಿದೆ ಎಂಬುದನ್ನು ಗಮನಿಸಬೇಕು. ವನ್ನಿಯಲ್ಲಿ ಒಬ್ಬ ಹೆಂಗಸು ಮೂರು ಮಕ್ಕಳೊಂದಿಗೆ ತಗಡಿನ ಶೀಟಿನ ಕೆಳಗೆ ಮಳೆಗಾಲ ಕಳೆಯುತ್ತಿದ್ದಳು. ಅವಳ ಗೋಡೆ ಏಳದೆ ನಿಂತದ್ದು ಸುಳ್ಯದ ಒಬ್ಬ ನಿವೃತ್ತ ಟ್ಯಾಪರ್ ಆ ಕ್ರಿಯಾಪದಗಳನ್ನು ನಂಬಿದ್ದರಿಂದ.

ಭಾರತ ಒಂದು ಸಲ ನಿರ್ಣಯದ ಪರ ಮತ ಹಾಕಿತು, ಇನ್ನೊಂದು ಸಲ ಮತದಾನದಿಂದ ದೂರ ಉಳಿಯಿತು. ದೂರ ಉಳಿದ ವರ್ಷ ಅಕ್ಕ ಕೇಳಿದರು.

“ದೂರ ಉಳಿಯುದು ಅಂದ್ರೆ ಎಂತ? ಆ ದಿನ ಗೈರಾ?”

“ಗೈರಲ್ಲ ಅಕ್ಕ. ಸಭೆಯಲ್ಲಿ ಇದ್ದರು. ಕೈ ಎತ್ತಲಿಲ್ಲ.”

“ಹಾಜರಿದ್ದೂ ಗೈರು,” ಎಂದ ಮಗ, ಬಾಗಿಲಲ್ಲಿ ನಿಂತು. “ನಮ್ಮಲ್ಲೂ ಇದ್ದಾರೆ ಸಾರ್ ಅಂಥವರು. ಸಂಬಳ ಮಾತ್ರ ಪೂರ್ತಿ.”

ರಬ್ಬರ್ ತೋಟದ ಜನರಿಗೆ ಗೈರು ಸಾಧಾರಣ ಪದವಲ್ಲ. ಬೆಳಿಗ್ಗೆ ಹಾಜರಿ ಕೂಗುವಾಗ ಇಲ್ಲದವರಿಗೆ ಗೈರು ಬೀಳುತ್ತದೆ. ಗೈರು ಬಿದ್ದರೆ ಆ ದಿನದ ಸಂಬಳ ಇಲ್ಲ, ಅಷ್ಟೇ. ಹೆಸರು ಪಟ್ಟಿಯಲ್ಲಿ ಇರುತ್ತದೆ. ಸತ್ತರೆ, ನಿವೃತ್ತಿಯಾದರೆ, ಬಿಟ್ಟು ಹೋದರೆ ಆಗುವುದು ಬೇರೆ, ಅದಕ್ಕೆ ಅವರು ‘ಹೆಸರು ಕಡಿಯುದು’ ಎನ್ನುತ್ತಾರೆ. ಈ ಎರಡರ ನಡುವಿನ ಅಂತರದಲ್ಲಿ ಅವರ ಜೀವನವೆಲ್ಲ ಕಳೆದಿದೆ. ಇದು ನನಗೆ ಗೊತ್ತಿತ್ತು. ಆದರೂ ಮುಂದೆ ಆದದ್ದನ್ನು ನಾನು ನಿರೀಕ್ಷಿಸಿರಲಿಲ್ಲ.

ಜಿನೀವಾದ ಒತ್ತಾಯಕ್ಕೆ ಉತ್ತರವಾಗಿ ಲಂಕಾದ ಸರಕಾರ ಕಾಣೆಯಾದವರ ಕುಟುಂಬಗಳಿಗೆ ಹೊಸದೊಂದು ಪ್ರಮಾಣಪತ್ರ ಕೊಡಲು ಕಾನೂನು ಮಾಡಿತು. ಮರಣ ಪ್ರಮಾಣಪತ್ರ ಬೇಡ ಎನ್ನುವವರು ಅದನ್ನು ಪಡೆಯಬಹುದಿತ್ತು. ಏಜೆನ್ಸಿಯ ಇಂಗ್ಲಿಷನ್ನು ಕನ್ನಡಕ್ಕೆ ತಂದರೆ ಅದು ಗೈರುಹಾಜರಿ ಪ್ರಮಾಣಪತ್ರ. ಬೇರೆ ಪದ ಇಲ್ಲ. ಸುದ್ದಿ ಬಂದ ವಾರ ಕಾಲೊನಿಗೆ ಹೋದಾಗ ಅಕ್ಕ ಅಂಗಳಕ್ಕೇ ಬಂದರು. ಮುಖ ಅರಳಿತ್ತು.

“ನೋಡಿದ್ರಾ ಸಾರ್, ಅಲ್ಲಿನ ಸರಕಾರವೇ ಒಪ್ಪಿದೆ. ಗೈರು ಅಂತ ಕೊಡ್ತಾರಂತೆ. ಹೆಸರು ಕಡಿಯಲಿಲ್ಲ ಅಂತ ಆಯ್ತಲ್ಲ.”

“ಹಾಗಲ್ಲ ಅಕ್ಕ. ಅದರಲ್ಲಿ ಬದುಕಿದ್ದಾರೆ ಅಂತಲೂ ಇಲ್ಲ.”

“ಸತ್ತಿದ್ದಾನೆ ಅಂತ ಉಂಟಾ?”

“ಇಲ್ಲ.”

“ಮತ್ತೆ? ಗೈರು ಅಂದ್ರೆ ಅದೇ ಅಲ್ವಾ?”

ನಾನು ಮತ್ತೆ ವಿವರಿಸಿದೆ. ಸರಕಾರ ಏನನ್ನೂ ಒಪ್ಪಿಲ್ಲ, ಒಪ್ಪುವುದನ್ನು ಮುಂದಕ್ಕೆ ಹಾಕಲು ಒಂದು ಕಾಗದ ಕೊಡುತ್ತಿದೆ. ಆ ಕಾಗದಕ್ಕೂ ಒಂದು ಅವಧಿ ಇರುತ್ತದೆ, ಮುಗಿದ ಮೇಲೆ ನವೀಕರಿಸಬೇಕು. ಅದನ್ನು ತೋರಿಸಿದರೆ ಸಣ್ಣಪುಟ್ಟ ಕೆಲಸ ಆದೀತು, ಜಾಗ ಹೆಸರಿಗೆ ಆಗಲು ಮರಣದ್ದೇ ಬೇಕು ಎಂದು ಅಲ್ಲಿನ ಅಧಿಕಾರಿ ತಮ್ಮನ ಹೆಂಡತಿಗೆ ಆಗಲೇ ಹೇಳಿದ್ದರು. ಅಕ್ಕ ತಲೆ ಆಡಿಸುತ್ತಾ ಕೇಳಿದರು, ಎದ್ದು ಬೆಲ್ಲ ತಂದರು. ಆ ಸಂಜೆ ತಮ್ಮನ ಹೆಂಡತಿಗೆ ಫೋನ್ ಮಾಡಿ, ಮರಣದ್ದು ಮುಟ್ಟಬೇಡ, ಗೈರಿನದ್ದು ತಗೋ, ಅವನು ಬಂದು ಜಾಗ ನೋಡಿಕೊಳ್ಳುತ್ತಾನೆ ಎಂದರಂತೆ. ಮಗ ನನಗೆ ಫೋನಿನಲ್ಲಿ ಇದನ್ನು ಹೇಳುವಾಗ ಅವನ ಹಿಂದೆ ಯಾತ್ರಿಕರು ಬಾಡಿಗೆಗೆ ಚೌಕಾಸಿ ಮಾಡುವುದು ಕೇಳುತ್ತಿತ್ತು.

“ನೀವು ಕನ್ನಡದಲ್ಲಿ ಬೇರೆ ಎಂತಾದ್ರೂ ಹಾಕ್ಲಿಕ್ಕೆ ಆಗ್ತಿರಲಿಲ್ವಾ ಸಾರ್? ಪ್ರಪಂಚದಲ್ಲಿ ಇಷ್ಟು ಶಬ್ದ ಉಂಟು.”

“ಅದರ ಹೆಸರೇ ಅದು ಮಾರಾಯ.”

“ಎಂತ ಹೆಸರೋ. ನಮ್ಮ ಅತ್ತೆಗೆ ಈ ಮಳೆಗಾಲವೂ ತಗಡು.”

ತಮ್ಮನ ಹೆಂಡತಿ ಗೈರಿನ ಕಾಗದ ತೆಗೆದುಕೊಂಡಳು. ಮನೆಯ ನೆರವು ಆ ವರ್ಷ ಬರಲಿಲ್ಲ, ಮರು ವರ್ಷವೂ ಬರಲಿಲ್ಲ. ಲಂಕಾದಲ್ಲಿ ಸರಕಾರ ಬದಲಾಯಿತು, ಮತ್ತೆ ಬದಲಾಯಿತು. ಹಳೆಯ ಸರಕಾರ ಒಪ್ಪಿದ ನಿರ್ಣಯದಿಂದ ಹೊಸ ಸರಕಾರ ಹಿಂದೆ ಸರಿಯಿತು. ಜಿನೀವಾ ಇದರ ಬಗ್ಗೆ ವಿಷಾದಿಸಿತು. ನಾನು ವಿಷಾದವನ್ನು ಅನುವಾದಿಸಿದೆ. ನಡುವೆ ಕೊರೊನಾ ಬಂತು, ಆ ದೇಶದಲ್ಲಿ ಪೆಟ್ರೋಲಿಗೂ ಹಾಲಿನ ಪುಡಿಗೂ ಜನ ಸಾಲು ನಿಂತರು, ಪ್ರಪಂಚದ ಕಳವಳ ಆ ಕಡೆ ತಿರುಗಿತು. ಆಮೇಲೆ ಬೇರೆ ಯುದ್ಧಗಳು ಬಂದವು. ಕಳವಳದ ವಾಕ್ಯಗಳು ಅವೇ, ಊರಿನ ಹೆಸರು ಮಾತ್ರ ಬದಲಿಸಿದರೆ ಸಾಕಾಗುತ್ತಿತ್ತು. ಡೆಸ್ಕಿನ ಹುಡುಗಿಯೊಬ್ಬಳು ಹಳೆಯ ಸುದ್ದಿಯ ಮೇಲೆಯೇ ಹೊಸ ಹೆಸರು ಕೂರಿಸಿ ಕಳುಹಿಸಿದ್ದನ್ನು ನಾನು ಒಮ್ಮೆ ಹಿಡಿದೆ. ಬೈಯಬೇಕೆಂದು ಫೋನ್ ಎತ್ತಿದವನು ಎರಡನ್ನೂ ಓದಿ ನೋಡಿ ಕೆಳಗಿಟ್ಟೆ. ತಪ್ಪು ಒಂದೂ ಇರಲಿಲ್ಲ.

ಇತ್ತೀಚಿನ ಒಂದು ಮತದಾನದ ಮರುದಿನ ಮತ್ತೆ ಫೋನ್ ಬಂತು. ನನ್ನ ನಿವೃತ್ತಿ ಹತ್ತಿರವಿತ್ತು. ಹೋಗುವುದಿಲ್ಲ ಎನ್ನಬಹುದಿತ್ತು. ಆದರೆ ಅಕ್ಕನಿಗೆ ಕಾಲುನೋವು ಎಂದು ಮಗ ಹೇಳಿದ್ದ, ನೋಡದೆ ತಿಂಗಳುಗಳಾಗಿದ್ದವು. ಮಧ್ಯಾಹ್ನದ ಊಟ ಮುಗಿಸಿ ಹೋದೆ. ಮಗ ಮನೆಯಲ್ಲಿಯೇ ಇದ್ದ, ಜೀಪಿನ ಬಾನೆಟ್ ಎತ್ತಿ ಏನೋ ಬಿಚ್ಚುತ್ತಿದ್ದ.

“ಬಂದ್ರಾ ಪ್ರತಿಕ್ರಿಯೆಗೆ,” ಎಂದ. “ಹೋಗಿ, ಒಳಗೆ ಸ್ವಾಗತಿಸ್ತಾರೆ.”

ಅಕ್ಕ ಕಾಲು ಚಾಚಿ ಗೋಡೆಗೆ ಒರಗಿದ್ದರು.

“ಈ ಸಲ ಎಂತ ಹೇಳಿದ್ರು ಸಾರ್?”

“ಸಮಯ ಕೊಟ್ಟಿದ್ದಾರೆ ಅಕ್ಕ.”

“ಯಾರಿಗೆ?”

“ಅಲ್ಲಿನ ಸರಕಾರಕ್ಕೆ. ಮತ್ತೆ, ಯುದ್ಧದ ಅಪರಾಧಗಳ ದಾಖಲೆ ಸಂಗ್ರಹಿಸುವ ಜಿನೀವಾದ ಕಚೇರಿಯ ಅವಧಿಯನ್ನೂ ಮುಂದುವರಿಸಿದ್ದಾರೆ.”

“ಭಾರತ?”

“ದೂರ ಉಳಿದಿದೆ.”

ಅಕ್ಕ ಸ್ವಲ್ಪ ಹೊತ್ತು ಕಾಲು ಒತ್ತಿಕೊಂಡರು. “ಇವರೆಲ್ಲ ಸಣ್ಣ ಪ್ರಾಯದವರಾ ಸಾರ್, ಈ ಸಮಯ ಕೊಡುವವರು?”

ನಾನು ಅರ್ಥವಾಗದೆ ನೋಡಿದೆ.

“ಅಲ್ಲ, ಅವರ ಹತ್ರ ತುಂಬ ಸಮಯ ಇದ್ದ ಹಾಗೆ ಕಾಣ್ತದೆ. ನನ್ನ ಹತ್ರ ಇಲ್ಲ. ತಮ್ಮನ ಹೆಂಡತಿ ಹತ್ರವೂ ಇಲ್ಲ. ಅವಳ ದೊಡ್ಡ ಮಗಳನ್ನು ನೋಡ್ಲಿಕ್ಕೆ ಬಂದ ಗಂಡಿನ ಕಡೆಯವರು ಮನೆಯ ತಗಡಿನ ಮಾಡು ನೋಡಿ ಹಿಂದೆ ಹೋದ್ರಂತೆ.” ಆಮೇಲೆ ಬಾಗಿಲ ಕಡೆಗೆ ತಿರುಗಿ ಮಗನನ್ನು ಕರೆದರು. “ಅತ್ತೆಗೆ ಫೋನ್ ಮಾಡು.”

ಮಗ ಕೈ ಒರೆಸಿಕೊಂಡು ಬಂದು ವಿಡಿಯೊ ಕರೆ ಮಾಡಿ ಮೊಬೈಲನ್ನು ಚೊಂಬಿಗೆ ಒರಗಿಸಿಟ್ಟ. ಪರದೆಯಲ್ಲಿ ತಗಡಿನ ಗೋಡೆ ಕಂಡಿತು, ನಂತರ ತಲೆಗೆ ಬಟ್ಟೆ ಸುತ್ತಿದ ಸಣ್ಣಗಿನ ಹೆಂಗಸು. ಅವರ ತಮಿಳು ನನಗೆ ಮುಕ್ಕಾಲುಪಾಲು ಅರ್ಥವಾಗುತ್ತದೆ. ಉಳಿದದ್ದನ್ನು ಮಗ ಆಮೇಲೆ ಹೇಳಿದ.

ಅಕ್ಕ ಪೀಠಿಕೆ ಹಾಕಲಿಲ್ಲ. “ಮರಣದ್ದು ತಗೋ. ನಾನು ಒಪ್ಪಿದೆ. ಮನೆ ಕಟ್ಟು.”

ಲೈನ್ ಕಡಿಯಿತೆಂದು ಮಗ ಬಗ್ಗಿ ನೋಡಿದ. ಕಡಿದಿರಲಿಲ್ಲ.

“ಅತ್ತಿಗೆ, ತನಿಖೆ?”

“ಅದು ಅವರ ಕೆಲಸ. ನಾವು ಕಾಯ್ತಾ ಕೂತರೆ ಅವರು ಬೇಗ ಮಾಡುದೂ ಇಲ್ಲ, ನಾವು ಎದ್ದು ಹೋದರೆ ನಿಲ್ಲಿಸುದೂ ಇಲ್ಲ.”

ಇದಕ್ಕಿಂತ ಸರಿಯಾದ ಪ್ರತಿಕ್ರಿಯೆ ನನಗೆ ಅಷ್ಟು ವರ್ಷಗಳಲ್ಲಿ ಸಿಕ್ಕಿರಲಿಲ್ಲ. ಕೈ ತಾನಾಗಿ ಜೇಬಿನ ಪೆನ್ನಿಗೆ ಹೋಯಿತು. ಅಕ್ಕ ಪರದೆಯಿಂದ ಕಣ್ಣು ತೆಗೆಯದೆ ಕನ್ನಡದಲ್ಲಿ, “ಇದು ಪೇಪರಿಗೆ ಬೇಡ ಸಾರ್, ಅವಳ ಕೆಲಸ ಆಗುವವರೆಗೆ ಬೇಡ,” ಎಂದರು. ಪೆನ್ನು ಜೇಬಿನಲ್ಲಿಯೇ ಉಳಿಯಿತು. ಡೆಸ್ಕಿಗೆ ಆ ಸಂಜೆ, ಪ್ರತಿಕ್ರಿಯೆಗೆ ಯಾರೂ ಸಿಗಲಿಲ್ಲ ಎಂದು ತಿಳಿಸಿದೆ. ಕೆಲಸ ಆಗಿದೆ, ಮನೆಗೆ ಮಾಡು ಏರಿದೆ, ಬರೆಯಬಹುದು ಎಂದು ಅಕ್ಕನೇ ಈಗ ಹೇಳಿದ್ದರಿಂದ ಬರೆಯುತ್ತಿದ್ದೇನೆ.

ಪರದೆಯಲ್ಲಿದ್ದ ಹೆಂಗಸು ಮುಖ ಒರೆಸಿಕೊಂಡು, ಇಷ್ಟು ವರ್ಷ ತಡೆದು ಇಟ್ಟುಕೊಂಡಂತಿದ್ದ ಒಂದು ಪ್ರಶ್ನೆ ಕೇಳಿದಳು. ಅರ್ಜಿಯಲ್ಲಿ ಸತ್ತ ದಿನ ಯಾವುದು ಎಂದು ಕೇಳುತ್ತಾರೆ. ಖಾಲಿ ಬಿಡುವ ಹಾಗಿಲ್ಲ ಎಂದು ಅಧಿಕಾರಿ ಹೇಳಿದ್ದಾರೆ. ಏನು ಹೇಳಲಿ?

“ಸೈಕಲ್ ತರ್ಲಿಕ್ಕೆ ಹೋದ ದಿನ ಹಾಕಿ,” ಎಂದ ಮಗ.

“ಬೇಡ,” ಎಂದರು ಅಕ್ಕ. “ಆ ದಿನ ಅವನು ಇದ್ದ. ಇವಳು ಕಣ್ಣಾರೆ ನೋಡಿದ್ದಾಳೆ, ನಡ್ಕೊಂಡು ಹೋದದ್ದು. ಇದ್ದ ದಿನ ಸತ್ತ ಅಂತ ಹೇಗೆ ಬರೆಸುದು?”

ಅಕ್ಕ ನನ್ನ ಕಡೆಗೆ ತಿರುಗಿದರು.

“ಸಾರ್, ಯುದ್ಧ ಮುಗೀತು ಅಂತ ನಿಮ್ಮ ಪೇಪರಲ್ಲಿ ಬಂದದ್ದು ಯಾವ ದಿನ?”

ಆ ದಿನದ ಮುಖಪುಟದ ಸುದ್ದಿಯನ್ನು ಅನುವಾದಿಸಿದವನು ನಾನೇ, ಹುಡುಕಬೇಕಾಗಿರಲಿಲ್ಲ. ದಿನಾಂಕ ಹೇಳಿದೆ. ಅಕ್ಕ ಅದನ್ನು ತುಟಿಯಲ್ಲಿ ಒಮ್ಮೆ ಹೇಳಿಕೊಂಡು ಪರದೆಗೆ ತಿರುಗಿದರು.

“ಅದರ ಮರುದಿನ ಬರೆಸು.”

ಮಗನಿಗೆ ತಡೆಯಲಾಗಲಿಲ್ಲ. “ಅಮ್ಮ, ಮರುದಿನ ಹಾಕಿದ್ರೆ ಮಾಮ ಯುದ್ಧದಲ್ಲಿ ಸತ್ತವರ ಲೆಕ್ಕಕ್ಕೇ ಬರುದಿಲ್ಲ. ನಾಳೆ ಪರಿಹಾರ ಗಿರಿಹಾರ ಅಂತ ಬಂದ್ರೆ ಎಂತ ಮಾಡುದು? ಸಾರ್, ಹೇಳಿ ನೀವಾದ್ರೂ.”

ನಾನು ವೃತ್ತಿಯಿಡೀ ದಿನಾಂಕ ತಪ್ಪದ ಹಾಗೆ ನೋಡಿಕೊಂಡವನು. ಆ ದಿನಾಂಕಕ್ಕೆ ಯಾವ ಆಧಾರವೂ ಇರಲಿಲ್ಲ. ಒಂದು ದೇಶದ ದಾಖಲೆಯಲ್ಲಿ ಅದು ಶಾಶ್ವತವಾಗಿ ಕೂರಲಿತ್ತು. ಜಿನೀವಾದ ಕಚೇರಿ ಮುಂದೆಂದಾದರೂ ಲೆಕ್ಕ ಹಾಕಿದರೆ ಈ ಒಬ್ಬ ಮನುಷ್ಯ ಅವರ ಲೆಕ್ಕದಿಂದ ಹೊರಗೆ ಉಳಿಯುತ್ತಿದ್ದ. ಹೇಳಬೇಕಾದದ್ದು ಇಷ್ಟೆಲ್ಲ ಇತ್ತು. ನಾನು ಹೇಳಲಿಲ್ಲ.

“ಯುದ್ಧದ ಲೆಕ್ಕ ಬೇಡ,” ಎಂದರು ಅಕ್ಕ. “ಅವನು ಯುದ್ಧಕ್ಕೆ ಹೋದವನಲ್ಲ, ಕಡಲೆ ಬೆಳೆದವನು. ಯುದ್ಧ ಮುಗಿಯುವವರೆಗೆ ಇದ್ದ ಅಂತ ಇರಲಿ.”

ಆ ಕಡೆಯ ಹೆಂಗಸು, ಆಗಲಿ ಅತ್ತಿಗೆ ಎಂದಳು. ದಿನಾಂಕವನ್ನು ಇನ್ನೊಮ್ಮೆ ಹೇಳಲು ಕೇಳಿದಳು, ಬರೆದುಕೊಳ್ಳಲು. ಅಕ್ಕ ಅದನ್ನು ತಮಿಳಿನಲ್ಲಿ, ಒಂದೊಂದೇ ಅಂಕಿಯಾಗಿ, ನಿಧಾನವಾಗಿ ಹೇಳಿದರು.